ಬೆರಳನ್ನು ಕೇಳಿ ಕಟ್ಟು ಸೀಳಿದ ಪ್ಲಾಸ್ಟರ್ ಅಕ್ಕ

ಬೆಳಗಿನ ಆರೂವರೆ. ಸರ್ಕಾರಿ ಆಸ್ಪತ್ರೆಯ ಹಿಂಬದಿಯ ಕೋಣೆಯಲ್ಲಿ ಅವರು ಬಕೆಟ್ಟಿನ ನೀರಿಗೆ ಮೊಣಕೈ ಅದ್ದಿ ನೋಡುತ್ತಿದ್ದಾರೆ, ಹಸುಗೂಸಿಗೆ ಸ್ನಾನ ಮಾಡಿಸುವವರ ಹಾಗೆ. ನೀರು ಬಿಸಿ ಹೆಚ್ಚಾದರೆ ಪ್ಲಾಸ್ಟರ್ ಬೇಗ ಗಟ್ಟಿಯಾಗುತ್ತದೆ, ಚರ್ಮವೂ ಸುಡುತ್ತದೆ. ಇಡೀ ಆಸ್ಪತ್ರೆಗೆ ಇವರು ಪ್ಲಾಸ್ಟರ್ ಅಕ್ಕ. ಹೆಸರು ಗೊತ್ತಿರುವುದು ಹಾಜರಿ ಪುಸ್ತಕಕ್ಕೆ ಮಾತ್ರ.

ಸೇರಿದ್ದು ನೆಲ ಒರೆಸುವ ಕೆಲಸಕ್ಕೆ. ಒಮ್ಮೆ ರೋಗಿಯ ಕೈ ಹಿಡಿಯಲು ಯಾರೂ ಇಲ್ಲದಾಗ ಒರಸುಬಟ್ಟೆ ಬದಿಗಿಟ್ಟು ಡಾಕ್ಟರ ಪಕ್ಕ ನಿಂತರು. ಹಾಗೆ ನಿಂತು ಇಪ್ಪತ್ಮೂರು ವರ್ಷ. ದಿನಕ್ಕೆ ಹದಿನೈದಿಪ್ಪತ್ತು ಕಟ್ಟು, ಅರ್ಧಕ್ಕರ್ಧ ಮಣಿಕಟ್ಟಿನವೇ. ಜಾರಿದವರೆಲ್ಲ ಅಂಗೈ ಊರಿಯೇ ಬೀಳುತ್ತಾರಲ್ಲ! ಡಾಕ್ಟರು ಮರಗಟ್ಟುವ ಇಂಜೆಕ್ಷನ್ ಕೊಟ್ಟು ಕೈ ಎಳೆದು ಮೂಳೆ ಕೂರಿಸುವಾಗ ಅಕ್ಕ ಮೊಣಕೈ ಮೇಲೆ ಹಿಡಿದು ಎದುರು ದಿಕ್ಕಿಗೆ ಎಳೆಯುತ್ತಾರೆ. ಆಮೇಲೆ ಹತ್ತಿ, ಅದರ ಮೇಲೆ ನೆನೆದ ಪಟ್ಟಿ.

"ಉಗುರು ಸಂದೀಲಿ ಯಾವಾಗ್ಲೂ ಬಿಳಿ. ನಮ್ಮ ಮನೆಯವರು ದಿನಾ ಕೇಳ್ತಾರೆ, ಹಿಟ್ಟು ಕಲಸಿದ್ಯೋ ಮೂಳೆ ಕೂಡಿಸಿದ್ಯೋ ಅಂತ."

ಇವರದೊಂದು ಹಠವಿದೆ. ಕಟ್ಟು ಹಾಕಿದ ಮೇಲೆ ಅರ್ಧ ಗಂಟೆ ಯಾರನ್ನೂ ಬಿಡುವುದಿಲ್ಲ. ಬೆಂಚಿನ ಮೇಲೆ ಕೂರಿಸಿ ಉಗುರು ಒತ್ತಿ ಬಿಡುತ್ತಾರೆ. ಬೆಳ್ಳಗಾದದ್ದು ತಕ್ಷಣ ಕೆಂಪಾಗಬೇಕು, ಇಲ್ಲದಿದ್ದರೆ ಕಟ್ಟು ಬಿಗಿಯಾಗಿ ರಕ್ತ ಓಡುತ್ತಿಲ್ಲ ಎಂದರ್ಥ. ಕಾಯುವವರ ಸಾಲು ಬಾಗಿಲು ದಾಟಿದರೂ ಕ್ಯಾರೇ ಅನ್ನುವುದಿಲ್ಲ.

ಆರು ವಾರದ ಹಿಂದೆ ಆ ಬೆಂಚಿನ ಮೇಲೆ ಟೈಲರ್ ಕೆಲಸದ ಹೆಂಗಸೊಬ್ಬರು ಕೂತಿದ್ದರು. ಮುರಿದದ್ದು ಬಲಗೈ, ಮನೆ ನಡೆಯುವುದೂ ಅದರಿಂದಲೇ. "ಬೆರಳು ಜುಮ್ ಅಂತಿದೆ" ಎಂದರೆ ಹೊಸ ಡಾಕ್ಟರು "ಮೊದಲ ದಿನ ಹಾಗೇ" ಎಂದು ಹೊರಟುಹೋದರು. ಉಗುರು ಒತ್ತಿದರೆ ಕೆಂಪು ಮರಳುತ್ತಿಲ್ಲ. ಹೇಳಿ ಕಳಿಸಿದರೂ ಡಾಕ್ಟರು ಬರಲಿಲ್ಲ. ಅಕ್ಕ ಹತ್ತಿಯ ಸಮೇತ ಕಟ್ಟನ್ನು ಉದ್ದಕ್ಕೂ ಸೀಳಿಬಿಟ್ಟರು. ಬೆರಳಿಗೆ ರಕ್ತ ಬಂತು, ಅಕ್ಕನಿಗೆ ನೋಟಿಸ್ ಬಂತು: ಯಾರನ್ನು ಕೇಳಿ ಸೀಳಿದಿರಿ?

"ಬೆರಳನ್ನ ಕೇಳಿದೆ ಸಾರ್" ಎಂದು ಬರೆದುಕೊಟ್ಟರು. ದೊಡ್ಡ ಡಾಕ್ಟರು ಓದಿ ನೋಟಿಸನ್ನೇ ಹರಿದು ಹಾಕಿದರು. ಈ ಕಥೆ ಕೇಳಿ ನನಗಂತೂ ಎದೆಯುಬ್ಬಿತು. ಅಕ್ಕನಿಗೆ ಮಾತ್ರ ಒಳಗೊಳಗೇ ಕೊರೆತ: ಸಡಿಲವಾದ ಕಟ್ಟಿನಲ್ಲಿ ಮೂಳೆ ಜಾರಿ ಕೈ ಸೊಟ್ಟಗಾದರೆ?

ಇಂದು, ಊತ ಇಳಿದ ಮೇಲೆ ಹೊಸ ಪಟ್ಟಿ ಸುತ್ತಿ ಮುಚ್ಚಿದ ಅದೇ ಕಟ್ಟು ಬಿಚ್ಚುವ ದಿನ. ಎಕ್ಸ್‌ರೇ ನೋಡಿ ಡಾಕ್ಟರು ಮೂಳೆ ನೆಟ್ಟಗೆ ಕೂಡಿದೆ ಎಂದಿದ್ದಾರೆ. ಅಕ್ಕ ಗುಂಯ್‌ಗುಡುವ ಗರಗಸವನ್ನು ಮೊದಲು ತಮ್ಮ ಅಂಗೈಗೇ ತಾಗಿಸಿ, ಅದು ಚರ್ಮ ಕೊಯ್ಯುವುದಿಲ್ಲ ಎಂದು ತೋರಿಸಿ ಧೈರ್ಯ ತುಂಬುತ್ತಾರೆ. ಕತ್ತರಿಯಿಂದ ಹತ್ತಿ ಬಿಡಿಸಿದಾಗ ಹೊರಬಂದ ಕೈ ಸೊರಗಿದೆ, ಸಿಪ್ಪೆ ಎದ್ದಿದೆ. ಅಂಗೈ ಮೇಲಾಗಿ ತಿರುಗುತ್ತಿಲ್ಲ. ಟೈಲರಮ್ಮನ ಕಣ್ಣು ತುಂಬುತ್ತದೆ.

"ನನ್ ಕೈ ಹೋಯ್ತು ಅಕ್ಕಾ."

"ಹೋಗೋದೆಲ್ಲಿಗೆ? ಆರು ವಾರ ಮಲಗಿತ್ತು, ಎದ್ದ ತಕ್ಷಣ ಓಡು ಅಂದ್ರೆ ಓಡುತ್ತಾ? ಬೆಚ್ಚಗಿನ ನೀರಲ್ಲಿಟ್ಟು ದಿನಾ ಆಡ್ಸಿ. ಎರಡ್ಮೂರು ತಿಂಗಳು ಹಿಡಿಯುತ್ತೆ. ಎಲ್ಲಿ, ಈ ಕತ್ತರಿ ಹಿಡೀರಿ ನೋಡೋಣ."

ಬೆರಳುಗಳು ಒಂದೊಂದಾಗಿ ಕತ್ತರಿಯ ಹಿಡಿಯೊಳಗೆ ತೂರುತ್ತವೆ. ಬ್ಯಾಂಡೇಜ್ ತುಂಡೊಂದನ್ನು ಟೈಲರಮ್ಮ ನಿಧಾನವಾಗಿ ಕತ್ತರಿಸುತ್ತಾರೆ. ಅರ್ಧಕ್ಕೆ ನಿಲ್ಲಿಸಿ, ಅಂಚು ನೋಡಿ ಮುಖ ಸಿಂಡರಿಸುತ್ತಾರೆ.

"ಏನಕ್ಕಾ, ಇಷ್ಟು ಮೊಂಡು ಕತ್ತರಿ ಇಟ್ಕೊಂಡಿದೀರಾ? ಸಾಣೆ ಹಿಡಿಸ್ಬಾರ್ದಾ?"

ಅಕ್ಕ ನನ್ನತ್ತ ತಿರುಗಿ ಜೋರಾಗಿ ನಗುತ್ತಾರೆ. "ಕೇಳಿದ್ರಾ? ಕೈ ಬಂದಿದ್ದೇ ತಡ, ನನ್ನ ಕತ್ತರೀಲೇ ತಪ್ಪು ಹುಡುಕಿದ್ರು. ಇನ್ನೇನ್ ಬೇಕು ನನಗೆ!"