ಪರದೆಯ ಮೇಲೆ ಮಲಗಿದ ಬೆಕ್ಕು

ಗೆಳೆಯರೇ, ಇವತ್ತು ಸಾಸ್ವೆಹಳ್ಳಿಯ ನನ್ನ ಕಂಪ್ಯೂಟರ್ ಸೆಂಟರಿನಲ್ಲಿ ಒಂದು ಅರ್ಜಿ ನಿಂತುಹೋಯಿತು. ಎಲ್ಲರೂ ಮೊಬೈಲಿನಲ್ಲಿ ಸಾಕುವ ಆಟದ ಬೆಕ್ಕನ್ನು ನಾನು ಕಂಪ್ಯೂಟರಿಗೂ ಹಾಕಿಕೊಂಡಿದ್ದೇನೆ. ರೇಷನ್ ಕಾರ್ಡಿನಲ್ಲಿ ಹೆಸರು ತಿದ್ದಿಸಲು ಗೋವಿನಕೋವಿಯಿಂದ ಗೌರಜ್ಜಿ ಬಂದಾಗ ಅದು ಪರದೆ ತುಂಬ ಮಲಗಿ ಗೊರಕೆ ಹೊಡೆಯುತ್ತಿತ್ತು. ಸರ್ವರ್ ಬರುವವರೆಗೂ ಅಜ್ಜಿ ಕೆನ್ನೆಗೆ ಕೈಯಿಟ್ಟು, ಅದರ ಹೊಟ್ಟೆ ಏರಿಳಿಯುವುದನ್ನೇ ನೋಡುತ್ತಾ ಕೂತರು. ಫ್ಯಾನಿನ ಸದ್ದಿಗೆ ನನಗೂ ಕಣ್ಣು ಎಳೆಯುತ್ತಿತ್ತು.

"ಸರ್ವರ್ ಬಂತು ಅಜ್ಜಿ, ಬೆಕ್ಕನ್ನ ತೆಗೀತೀನಿ" ಎಂದೆ.

ಅಜ್ಜಿ ನನ್ನ ಕೈ ಹಿಡಿದರು. "ಬ್ಯಾಡ ತಾಯಿ, ಎಷ್ಟು ಚೆಂದ ಮಲಗೈತೆ. ಹಿಂಗೆ ಮಲಗಿದ್ದನ್ನ ಎಬ್ಬಿಸಾಕೆ ಹೋಗಬಾರ್ದು."

"ಅದು ಆಟ ಅಜ್ಜಿ! ಹೆಸರು ಸರಿ ಮಾಡ್ಸೋದು ಬ್ಯಾಡವೇನ್ರಿ?"

"ಇಷ್ಟು ವರ್ಷ ತಪ್ಪು ಹೆಸರಲ್ಲೇ ಅಕ್ಕಿ ತಂದೀನಿ. ನಾಳೆ ಬರ್ತೀನಿ ಬಿಡು."

ಚಪ್ಪಲಿಯನ್ನು ಕೈಯಲ್ಲಿ ಹಿಡಿದು, ಸದ್ದಾಗದಂತೆ ಮೆಟ್ಟಿಲಿಳಿದು ಹೋದರು. ಸರ್ಕಾರಿ ಕೆಲಸ ತಡವಾಗಲು ಇಷ್ಟು ಒಳ್ಳೆಯ ಕಾರಣವನ್ನು ನಾನಂತೂ ಇದುವರೆಗೆ ಕೇಳಿರಲಿಲ್ಲ.