ಗಂಗಾಗೌರಿ ಎಂಬ ನನ್ನ ಹೆಸರು

ನಾನು ಗಂಗಾಗೌರಿ, ಹೊಸಪೇಟೆಯ ನಮ್ಮ ಮನೆಗೆ ಹಿರಿಯಳು. ಇಲ್ಲಿ ನನ್ನ ಮಾತು ಮೀರುವವರಿಲ್ಲ. ಹೆರಿಗೆಯ ನಂತರ ಸೊಸೆ ನೀಲಾ ಜ್ವರದಲ್ಲಿ ಮಲಗಿದಾಗ, ಸಂಡೂರಿನ ಅದಿರು ಸಾಗಿಸುವ ನಮ್ಮ ಲಾರಿಗಳನ್ನು ತೊಳೆಯುವ ಪಂಪಮ್ಮ ಕೈಯ ಕೆಂಪು ಧೂಳು ತೊಳೆದುಕೊಂಡು ಬಂದು ನನ್ನ ಮೊಮ್ಮಗಳಿಗೆ ತನ್ನ ಎದೆಹಾಲು ಕುಡಿಸಿದಳು. ಅವಳ ಮಡಿಲಲ್ಲಿ ಕೂಸನ್ನು ಕಂಡಾಗ ಕಂಪ್ಲಿಯ ತವರುಮನೆ ಕಣ್ಣ ಮುಂದೆ ಬಂತು.

ಅಲ್ಲಿ ನಮ್ಮಜ್ಜಿ ಪಡಸಾಲೆಯ ಕಂಬಕ್ಕೆ ಒರಗಿ ಕೂತರೆ ಯಾರು ಬಂದರೂ ಏಳುತ್ತಿರಲಿಲ್ಲ. ಭತ್ತದ ನಾಟಿಗೆ ಬರುತ್ತಿದ್ದ ಗೌರವ್ವ ಕೆಸರುಗಾಲಲ್ಲಿ ಬಂದರೆ ಮಾತ್ರ ಎದ್ದು ನಿಲ್ಲುತ್ತಿದ್ದಳು. ಒಮ್ಮೆ ಗೌರವ್ವ ಬಂದಾಗ ಏಕೆಂದು ಅಜ್ಜಿಯನ್ನು ಕೇಳಿದೆ.

"ನಿಮ್ಮವ್ವ ಗಂಗಾ ನಿನ್ನ ಹಡದ್ಲು. ಆಕಿಗೆ ಹಾಲಿರಲಿಲ್ಲ, ಗೌರಿ ಕುಡಿಸಿದ್ಲು. ಇಬ್ಬರೂ ನಿನ್ನ ಹೆಸರಿನಾಗ ಅದಾರ. ನೀನೂ ಏಳಬೇಕು ನೋಡು."

ಶಿವನ ಮಡದಿಯರ ಹೆಸರೆಂದುಕೊಂಡಿದ್ದ ನಾನು ಬೆರಗಾಗಿ, ಗೌರವ್ವನ ಕೆಸರುಗಾಲನ್ನೇ ನೋಡುತ್ತ ನಿಂತೆ.

ಮೊಮ್ಮಗಳಿಗೂ ಹಾಗೆಯೇ ಹೆಸರಿಡುವುದೆಂದು ಮೊನ್ನೆ ಹೇಳಿದೆ.

"ಪಂಪಮ್ಮನ ಹೆಸರಾ? ಮಂದಿ ನಗತಾರಬೇ. ಯಾವುದಾರ ಮಸ್ತ್ ಹೆಸರು ಇಡೂಣು," ಎಂದ ಮಗ.

"ನಗೋ ಮಂದಿ ಬಂದು ಹಾಲು ಕುಡಿಸಿದ್ರೇನಲೇ?"

ಇಂದು ಕೂಸನ್ನು ತೊಟ್ಟಿಲಿಗೆ ಹಾಕಿ, ಸೋದರತ್ತೆಯಾದ ನನ್ನ ಮಗಳಿಂದ ಅದರ ಕಿವಿಯಲ್ಲಿ 'ನೀಲಪಂಪಾ' ಎಂದು ಹೇಳಿಸಿದೆ. ಆಗ ಪಂಪಮ್ಮ ಹೊಸ್ತಿಲು ದಾಟಿ ಬಂದಳು. ನಾನು ಎದ್ದು ನಿಂತೆ.