ಪಿನ್ ಹಾಕಿದ ಸೆರಗು

ಅಮೃತೂರಿನ ನಮ್ಮ ಪೌರಾಣಿಕ ನಾಟಕದಲ್ಲಿ ಗಂಡಸರೆಲ್ಲ ಊರವರೇ. ರಾಣಿಯ ಪಾತ್ರಕ್ಕೆ ಮಾತ್ರ ಗುಬ್ಬಿಯಿಂದ ಒಬ್ಬ ನಟಿಯನ್ನು ಕರೆಸುತ್ತಿದ್ದೆವು. ತುಂಬಿದ ಸಭೆಯಲ್ಲಿ ಅವರ ಸೆರಗು ಎಳೆಯುವ ಪಾತ್ರ ನನ್ನದು. ಅಮ್ಮನ ವಯಸ್ಸಿನವರು, ಪ್ರತಿ ವರ್ಷವೂ ಸೆರಗು ಹಿಡಿದು ಎಳೆಯದೆ ನಿಂತುಬಿಡುತ್ತಿದ್ದೆ. ಅವರು ಕಣ್ಣೀರು ಸುರಿಸುತ್ತಲೇ ಮೆಲ್ಲಗೆ ಹೇಳುತ್ತಿದ್ದರು: “ಎಳಿಯಪ್ಪಾ, ಪಿನ್ ಹಾಕೊಂಡಿದೀನಿ.”

ಒಮ್ಮೆ ನಾಟಕ ಮುಗಿದ ಬೆಳಿಗ್ಗೆ ಅವರ ಬ್ಯಾಗು ಹಿಡಿದು ಕುಣಿಗಲ್ ಬಸ್ಸು ಹತ್ತಿಸಿದೆ. ಅವರ ಕಿವಿಯ ಹಿಂದೆ ಇನ್ನೂ ಬಣ್ಣವಿತ್ತು. ನಾಟಕ ನೋಡಿ ಬಿಕ್ಕಿ ಬಿಕ್ಕಿ ಅತ್ತಿದ್ದ ನಮ್ಮೂರ ಹೆಂಗಸಿನ ಪಕ್ಕದಲ್ಲಿ ಕೂತರು. ಆಕೆ ಥಟ್ಟನೆ ಎದ್ದು ಹಿಂದಿನ ಸೀಟಿಗೆ ಹೋದಳು. ನಾನು ತಲೆ ತಗ್ಗಿಸಿದೆ.

ಅವರು ಸೆರಗನ್ನು ಭುಜದ ತುಂಬ ಹೊದ್ದುಕೊಂಡು ಒಳಗೆ ಸರಿದರು.

“ಹೋಗ್ಲಿ ಬುಡಪ್ಪ, ಕಿಟ್ಕಿ ಸೀಟ್ ಸಿಕ್ತಲ್ಲ.”